ಹೆಸರಿಗೆ ಊರಿದೆ, ಆಡಲು ಅಂಗಳವಿಲ್ಲ

ಆರ್.ಕೆ.ಪುರಂನ ಕನ್ನಡಿಗರಿಗೆ ಮೊದಲು ಒಂದು ಪ್ರಶ್ನೆ. 2025ರ ಜನವರಿ ಮಧ್ಯದಿಂದ ಮಾರ್ಚ್ ಮೊದಲ ವಾರದವರೆಗೆ ನಮ್ಮ ಕ್ವಾರ್ಟರ್ಸ್‌ಗಳಿಂದ ಅರ್ಧ ಗಂಟೆಯ ದಾರಿಯಲ್ಲಿ, ತ್ಯಾಗರಾಜ ಕ್ರೀಡಾಂಗಣದಲ್ಲಿ, ಗಂಡಸರ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್ ನಡೆಯಿತು. ಇದು ಎಷ್ಟು ಜನಕ್ಕೆ ಗೊತ್ತು? ನಮ್ಮ ಬಳಗದಲ್ಲೇ ಕೇಳಿ ನೋಡಿದೆ. ಹದಿನಾಲ್ಕು ಜನರಲ್ಲಿ ಒಬ್ಬನಿಗೆ ಗೊತ್ತಿತ್ತು. ಆ ಒಬ್ಬ ನಾನೇ!

'ನಮ್ಮ ಜನಕ್ಕೆ ಕ್ರಿಕೆಟ್ ಬಿಟ್ಟರೆ ಬೇರೆ ಆಟ ಬೇಡ' ಎಂದು ಬೈದು ಸುಮ್ಮನಾಗುವುದು ಸುಲಭ. ಇಂಥ ಬೈಗುಳ ಓದಿ ಓದಿ ಸಾಕಾಗಿದೆ. ನನ್ನ ಅಭಿಪ್ರಾಯ ಬೇರೆ. ಜನ ಬರಲಿಲ್ಲ ಅಂದರೆ, ಬರುವುದಕ್ಕೆ ಅವರಿಗೊಂದು ಕಾರಣ ಕೊಟ್ಟಿದ್ದೆವೇ ಎಂದು ಕೇಳಬೇಕು. ಕೊಟ್ಟಿರಲಿಲ್ಲ ಎಂಬುದೇ ನನ್ನ ವಾದ.

ಲೀಗಿನ ಹೆಸರು ಐ.ಎನ್.ಬಿ.ಎಲ್. ಪ್ರೊ. ಇಪ್ಪತ್ತೈದು ವರ್ಷದ ಒಳಗಿನ ಹುಡುಗರನ್ನು ಮುಂದೆ ತರುವುದು ಅದರ ಉದ್ದೇಶ. ತಂಡಗಳು ಆರು: ಡೆಲ್ಲಿ ಡ್ರಿಬ್ಲರ್ಸ್, ಚೆನ್ನೈ ಹೀಟ್, ಮುಂಬೈ ಟೈಟನ್ಸ್, ಹೈದರಾಬಾದ್ ಫಾಲ್ಕನ್ಸ್, ಗುಜರಾತ್ ಸ್ಟಾಲಿಯನ್ಸ್, ಪಂಜಾಬ್ ವಾರಿಯರ್ಸ್. ಹೆಸರು ಓದಿದರೆ ಇಡೀ ದೇಶವೇ ಎದ್ದು ಬಂದ ಹಾಗಿದೆ. ಆದರೆ ಆರೂ ತಂಡಗಳ ಪಂದ್ಯಗಳು ನಡೆದದ್ದು ದೆಹಲಿಯ ಈ ಒಂದೇ ಕ್ರೀಡಾಂಗಣದಲ್ಲಿ. ಚೆನ್ನೈ ತಂಡವನ್ನು ಚೆನ್ನೈ ನೋಡಲಿಲ್ಲ, ಹೈದರಾಬಾದ್ ತಂಡವನ್ನು ಹೈದರಾಬಾದ್ ನೋಡಲಿಲ್ಲ. ನಮ್ಮ ಕಡೆಯ ಗಾದೆ ಹೇಳುವುದಾದರೆ, ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೆ ಗತಿಯಿಲ್ಲ.

ಇನ್ನು ಬೆಂಗಳೂರು? ಆ ಪಟ್ಟಿಯಲ್ಲಿ ಹೆಸರೇ ಇಲ್ಲ. ನಾನು ಪಂದ್ಯ ನೋಡಲು ಮೆಟ್ರೋ ಹತ್ತಿದ್ದು ಮೋತಿಬಾಗ್ ನಿಲ್ದಾಣದಲ್ಲಿ. ಅದಕ್ಕೆ ಸರ್ ವಿಶ್ವೇಶ್ವರಯ್ಯನವರ ಹೆಸರಿಟ್ಟಿದ್ದಾರೆ. ಅಲ್ಲಿಂದ ಮೂರನೆಯದು ಐ.ಎನ್.ಎ. ನಿಲ್ದಾಣ. ಅಲ್ಲಿಳಿದು ನಡೆದರೆ ಸಂಗೀತದ ತ್ಯಾಗರಾಜರ ಹೆಸರಿನ ಕ್ರೀಡಾಂಗಣ. ದಕ್ಷಿಣದ ಹೆಸರುಗಳೇ ದಾರಿಯುದ್ದಕ್ಕೂ, ಒಳಗೆ ಹೋದರೆ ಕನ್ನಡಿಗ ಕೂಗುವುದಕ್ಕೆ ಒಂದು ತಂಡವಿಲ್ಲ. ಒಳ್ಳೆಯ ಬುಟ್ಟಿ ಬಿದ್ದರೆ ಯಾರು ಹಾಕಿದರೂ ಚಪ್ಪಾಳೆ ತಟ್ಟಿ ಬಂದೆ. ಮದುವೆ ಮನೆಯಲ್ಲಿ ಗಂಡಿನ ಕಡೆಯೂ ಅಲ್ಲ, ಹೆಣ್ಣಿನ ಕಡೆಯೂ ಅಲ್ಲ, ಊಟ ಮಾಡಿ ಬಂದ ಹಾಗೆ.

ಈ ಕತೆ ಇವತ್ತಿನದಲ್ಲ. 2010ರಲ್ಲಿ ಬಾಸ್ಕೆಟ್‌ಬಾಲ್ ಫೆಡರೇಷನ್ನು ಐ.ಎಂ.ಜಿ.-ರಿಲಯನ್ಸ್ ಜೊತೆ ಮೂವತ್ತು ವರ್ಷದ ಒಪ್ಪಂದ ಮಾಡಿಕೊಂಡಿತು. ಲೀಗ್ ಬರುತ್ತೆ, ಬರುತ್ತೆ ಅಂದರು. ಹತ್ತು ವರ್ಷ ಕಳೆದರೂ ಬರಲಿಲ್ಲ. ಅಷ್ಟರಲ್ಲಿ 2015ರಲ್ಲಿ ಫೆಡರೇಷನ್ನಿನ ಆಶ್ರಯವಿಲ್ಲದೆ ಯು.ಬಿ.ಎ. ಎಂಬ ಬೇರೆ ಲೀಗ್ ಶುರುವಾಯಿತು. ಎಂಟು ತಂಡ, ಅದರಲ್ಲಿ ಬೆಂಗಳೂರು ಬೀಸ್ಟ್ ಒಂದು. ನಾಲ್ಕು ಸೀಸನ್ ಆಡಿ 2017ಕ್ಕೆ ಮುಗಿದುಹೋಯಿತು. ಕೊನೆಗೆ 2022-23ರಲ್ಲಿ ಫೆಡರೇಷನ್ನಿನದೇ ಐ.ಎನ್.ಬಿ.ಎಲ್. ಬಂತು. ಆಗ ಬೆಂಗಳೂರು ಕಿಂಗ್ಸ್ ಇತ್ತು, ಕೊಚ್ಚಿ ಇತ್ತು, ಚಂಡೀಗಢ ಇತ್ತು. ಸುತ್ತುಗಳು ಕೊಚ್ಚಿ, ಜೈಪುರ, ಪುಣೆಗಳಲ್ಲಿ ನಡೆದವು. ಜೈಪುರದ ತಂಡವೂ ಇಲ್ಲ, ಪುಣೆಯ ತಂಡವೂ ಇಲ್ಲ, ಪಂದ್ಯ ಮಾತ್ರ ಅಲ್ಲಿ! 2025ಕ್ಕೆ ಬರುವಷ್ಟರಲ್ಲಿ ಬೆಂಗಳೂರು, ಕೊಚ್ಚಿ ಎರಡೂ ಮಾಯ. ಹತ್ತು ವರ್ಷದಲ್ಲಿ ಬೆಂಗಳೂರಿಗೆ ಎರಡು ತಂಡ ಹುಟ್ಟಿದವು. ಎರಡರ ಅಂಗಿಯನ್ನೂ ನಾನು ಬೆಂಗಳೂರಿನ ಬೀದಿಯಲ್ಲಿ ಯಾರ ಮೈಮೇಲೂ ನೋಡಿಲ್ಲ.

ನಾನು ಕಾಮರ್ಸ್ ವಿದ್ಯಾರ್ಥಿ. ಖರ್ಚಿನ ಕಡೆಯಿಂದ ನೋಡಿದರೆ ಆಯೋಜಕರ ಲೆಕ್ಕ ಅರ್ಥವಾಗದೆ ಇಲ್ಲ. ಒಂದೇ ಊರಾದರೆ ಒಂದೇ ಮರದ ನೆಲ, ಒಂದೇ ಕ್ಯಾಮೆರಾ ತಂಡ, ಒಂದೇ ಬಾಡಿಗೆ. ಆಟಗಾರರಿಗೆ ವಿಮಾನದ ಟಿಕೆಟ್ ಬೇಡ. ಹೊಸ ವ್ಯಾಪಾರಕ್ಕೆ ಇದು ಜಾಣತನವೇ. ಆದರೆ ನಮಗೆ ಅಕೌಂಟೆನ್ಸಿಯಲ್ಲಿ ಗುಡ್‌ವಿಲ್ ಅಂತ ಒಂದು ಪಾಠವಿದೆ. ಅಂಗಡಿಯ ಒಳ್ಳೆಯ ಹೆಸರು ಕಣ್ಣಿಗೆ ಕಾಣದಿದ್ದರೂ ಅದೂ ಆಸ್ತಿಯೇ. ಬೇರೆಯವರ ಅಂಗಡಿ ಕೊಂಡರೆ ಅದಕ್ಕೂ ದುಡ್ಡು ಕೊಡಬೇಕು. ಬೆಂಗಳೂರು, ಚೆನ್ನೈ, ಹೈದರಾಬಾದ್ ಎಂಬ ಹೆಸರುಗಳಿಗೆ ಶತಮಾನಗಳ ಗುಡ್‌ವಿಲ್ ಇದೆ. ಅದನ್ನು ಬನಿಯನ್ನಿನ ಮೇಲೆ ಅಚ್ಚು ಹಾಕಿಸಿಕೊಂಡು, ಆ ಊರಿಗೆ ಒಂದು ಪಂದ್ಯವನ್ನೂ ಕೊಡದೆ, ಒಂದು ಅಂಕಣವನ್ನೂ ಕೊಡದೆ ಹೋಗುವುದು ಯಾವ ನ್ಯಾಯ? ಬೆಲೆ ಕೊಡದೆ ಹೆಸರು ತಗೊಂಡ ಹಾಗಾಯಿತು. ಹೀಗೆ ತಗೊಂಡ ಹೆಸರು ಕೈಯಲ್ಲಿ ನಿಲ್ಲೋದೂ ಇಲ್ಲ.

ಗೆಳೆಯನೊಬ್ಬ ಜಗಳಕ್ಕೆ ಬಂದ: 'ಗುಬ್ಬಿ ಕಂಪನಿ ಗುಬ್ಬಿಯಲ್ಲೇ ನಾಟಕ ಆಡ್ತಿತ್ತೇನೋ? ಊರೂರು ಸುತ್ತಲಿಲ್ವಾ?' ಒಳ್ಳೆಯ ಪ್ರಶ್ನೆ. 1884ರಲ್ಲಿ ಹುಟ್ಟಿದ ಆ ಕಂಪನಿ ಊರೂರು ಸುತ್ತಿತು, ನಿಜ. ಆದರೆ ಜನ ಇದ್ದಲ್ಲಿಗೆ ಅದು ಹೋಯಿತು, ಕ್ಯಾಂಪು ಹಾಕಿತು. ನಮ್ಮ ಲೀಗು ಮಾಡಿದ್ದು ಇದರ ತಿರುಗುಮುರುಗು: ಎಲ್ಲ ಊರಿನ ಹೆಸರನ್ನೂ ಒಂದೇ ಊರಿಗೆ ಕರೆತಂದು ಕೂಡಿಹಾಕಿತು.

ಇನ್ನೊಂದು ವಾದ ಫಿಲಿಪ್ಪೀನ್ಸ್ ದೇಶದ್ದು. ಅಲ್ಲಿ 1975ರಿಂದ ವೃತ್ತಿಪರ ಲೀಗ್ ಇದೆ, ಏಷ್ಯಾದಲ್ಲೇ ಮೊದಲನೆಯದು. ಅದರ ತಂಡಗಳಿಗೆ ಊರಿನ ಹೆಸರೇ ಇಲ್ಲ, ಕಂಪನಿಗಳ ಹೆಸರು. ಆದರೂ ಜನ ಪ್ರಾಣ ಬಿಡುತ್ತಾರೆ. ಯಾಕೆ? ಅಲ್ಲಿ ಗಲ್ಲಿ ಗಲ್ಲಿಗೂ ಒಂದು ಬೋರ್ಡು, ಒಂದು ರಿಂಗು ಇದೆ. ಆಟದ ಮನೆ ಬೀದಿಯಲ್ಲೇ ಇದೆ. ನಮ್ಮ ಆರ್.ಕೆ.ಪುರಂನಲ್ಲಿ ನೋಡಿ. ನಿಂತ ಕಾರುಗಳ ಸಂದಿಯಲ್ಲಿ ಹುಡುಗರು ಕ್ರಿಕೆಟ್ ಆಡುತ್ತಾರೆ. ಬಾಸ್ಕೆಟ್‌ಬಾಲ್ ರಿಂಗ್ ಬೇಕಾದರೆ ಯಾವುದಾದರೂ ದೊಡ್ಡ ಶಾಲೆಯ ಕಾಂಪೌಂಡಿನ ಒಳಗೆ ಸೀಟು ಸಿಕ್ಕಿರಬೇಕು. ಬೀದಿಯಲ್ಲಿ ಆಟವಿಲ್ಲದ ಕಡೆ ಊರಿನ ಹೆಸರಾದರೂ ಗಟ್ಟಿಯಾಗಿರಬೇಕು. ನಮ್ಮಲ್ಲಿ ಎರಡೂ ಇಲ್ಲ.

ಇಷ್ಟಕ್ಕೂ 2025ರ ಸೀಸನ್ನಿಗೆ ಜೊತೆಯಾಗಿ ನಿಂತದ್ದು ಆಸ್ಟ್ರೇಲಿಯಾದ ಎನ್.ಬಿ.ಎಲ್. ಅದು 1979ರಲ್ಲಿ ಶುರುವಾದ ಲೀಗು. ಅಲ್ಲಿ ಪರ್ತ್ ತಂಡ ಪರ್ತ್‌ನಲ್ಲಿ ಆಡುತ್ತದೆ, ಸಿಡ್ನಿ ತಂಡ ಸಿಡ್ನಿಯಲ್ಲಿ ಆಡುತ್ತದೆ. ಎರಡೂ ಊರಿನ ನಡುವೆ ಮೂರು ಸಾವಿರ ಕಿಲೋಮೀಟರಿಗೂ ಹೆಚ್ಚು ದೂರ. ಕರ್ನಾಟಕ ಎಕ್ಸ್‌ಪ್ರೆಸ್ಸಿನಲ್ಲಿ ಇಲ್ಲಿಂದ ಬೆಂಗಳೂರಿಗೆ ಸುಮಾರು 2,400. ಆದ್ದರಿಂದ ದೂರದ ನೆಪ ಒಪ್ಪುವುದಕ್ಕಾಗುವುದಿಲ್ಲ. ಗುರುವಿನಿಂದ ಎಲ್ಲ ಕಲಿತು ಮುಖ್ಯ ಪಾಠವನ್ನೇ ಬಿಟ್ಟ ಹಾಗಾಯಿತು.

ನಮ್ಮಲ್ಲೇ ಪಾಠವಿಲ್ಲವೇ? 2013ರಲ್ಲಿ ಬೆಂಗಳೂರು ಎಫ್.ಸಿ. ಎಂಬ ಫುಟ್‌ಬಾಲ್ ತಂಡ ಹುಟ್ಟಿತು. ಮೊದಲ ಸೀಸನ್ನಿನಲ್ಲೇ ಐ-ಲೀಗ್ ಗೆದ್ದಿತು. ಗೆದ್ದದ್ದಕ್ಕಿಂತ ದೊಡ್ಡದು ಎಂದರೆ, ಅದು ಬೆಂಗಳೂರಿನಲ್ಲಿ ಆಡಿತು. ಕಂಠೀರವದ ಪಶ್ಚಿಮದ ಗ್ಯಾಲರಿಯಲ್ಲಿ ನಿಂತು ತೊಂಬತ್ತು ನಿಮಿಷ ಹಾಡುವ ಒಂದು ದಂಡೇ ಬೆಳೆಯಿತು. ಆ ದಂಡನ್ನು ಯಾವ ಜಾಹೀರಾತೂ ತಂದುಕೊಡಲಾರದು. ವಾರ ಬಿಟ್ಟು ವಾರ ಅದೇ ಮೆಟ್ಟಿಲು, ಅದೇ ಪಕ್ಕದವನು, ಅದೇ ಕಡಲೆಕಾಯಿ: ಅಭಿಮಾನ ಬೆಳೆಯೋದು ಹಾಗೆ.

ಇದೆಲ್ಲ ನನಗ್ಯಾಕೆ ಅಂತ ಕೇಳಬಹುದು. ನಾನು ಆಟಗಾರನಲ್ಲ. ಎಸ್.ಎಸ್.ಎಲ್.ಸಿ.ವರೆಗೆ ಮಂಡ್ಯದಲ್ಲಿ ಕನ್ನಡ ಮೀಡಿಯಂ ಓದಿ, ಅಪ್ಪನ ವರ್ಗಾವಣೆಯ ಜೊತೆ ಈ ಊರಿಗೆ ಬಂದವನು. ನನ್ನ ದೊಡ್ಡಪ್ಪನ ಮಗ ಅಲ್ಲೇ ಇದ್ದಾನೆ. ಇಪ್ಪತ್ತೆರಡು ವರ್ಷ, ಆರಡಿ ಮೂರಂಗುಲ, ಬೆಳಿಗ್ಗೆ ಐದಕ್ಕೆ ಚೆಂಡು ಹಿಡಿಯುವವನು. ನಾನು ಪಂದ್ಯ ನೋಡಿ ಬಂದ ರಾತ್ರಿ ಫೋನ್ ಮಾಡಿ ಒಂದೇ ಮಾತು ಕೇಳಿದ: 'ಬೆಂಗ್ಳೂರ್ ಟೀಮೇ ಇಲ್ವಲ್ಲೋ, ನಾವು ಯಾರ ತಾವ ಹೋಗಿ ಕೇಳಾದ್ಲಾ?' ನನಗೆ ಉತ್ತರ ಹೇಳಲು ಬರಲಿಲ್ಲ.

ಹಿಂದೆ ಇದಕ್ಕೊಂದು ಉತ್ತರವಿತ್ತು. ಆಡಿದವನಿಗೆ ರೈಲ್ವೆ, ಸೈನ್ಯ, ಬ್ಯಾಂಕು ಕೆಲಸ ಕೊಡುತ್ತಿದ್ದವು. ಈಗಲೂ ಕೊಡುತ್ತವೆ. ನಮ್ಮ ವಿಜಯಾ ಬ್ಯಾಂಕಿಗೆ ಹೆಸರಾಂತ ಬಾಸ್ಕೆಟ್‌ಬಾಲ್ ತಂಡವಿತ್ತು. 2019ರ ಏಪ್ರಿಲ್ 1ರಂದು ಆ ಬ್ಯಾಂಕು ಬ್ಯಾಂಕ್ ಆಫ್ ಬರೋಡಾದಲ್ಲಿ ಸೇರಿಹೋಯಿತು. ಮರು ವರ್ಷ ಅದೇ ದಿನ ಸಿಂಡಿಕೇಟ್ ಬ್ಯಾಂಕು ಕೆನರಾದಲ್ಲಿ, ಕಾರ್ಪೊರೇಷನ್ ಬ್ಯಾಂಕು ಯೂನಿಯನ್ ಬ್ಯಾಂಕಿನಲ್ಲಿ ಸೇರಿದವು. ನಮ್ಮ ಕರಾವಳಿಯ ಬ್ಯಾಂಕುಗಳ ಬೋರ್ಡು ಇಳಿದಾಗ ನಾವು ಬಡ್ಡಿಯ ಲೆಕ್ಕ ಹಾಕಿದೆವು. ಎತ್ತರದ ಹುಡುಗರು ತಟ್ಟುವ ಬಾಗಿಲುಗಳೂ ಕಡಿಮೆಯಾದವು ಅಂತ ಯಾರೂ ಲೆಕ್ಕ ಹಾಕಲಿಲ್ಲ. ಹಳೆಯ ಬಾಗಿಲು ಮುಚ್ಚುತ್ತಿರುವ ಕಾಲದಲ್ಲಿ ಹೊಸ ಬಾಗಿಲಾಗಬೇಕಾದ ಲೀಗು ಇಂದು ಇದ್ದು ನಾಳೆ ಇಲ್ಲವಾದರೆ ಹುಡುಗ ಯಾವುದನ್ನು ನಂಬಬೇಕು?

ಒಳ್ಳೆಯವರು ದೇಶ ಬಿಟ್ಟು ನೋಡಿದರು. ಅಮೃತ್‌ಪಾಲ್ ಸಿಂಗ್ 2017ರಲ್ಲಿ ಸಿಡ್ನಿ ಕಿಂಗ್ಸ್ ಸೇರಿದ. ಪಂಜಾಬಿನ ಬಲ್ಲೋ ಕೇ ಹಳ್ಳಿಯ ಸತ್ನಾಮ್ ಸಿಂಗ್ 2015ರಲ್ಲಿ ಅಮೆರಿಕದ ಎನ್.ಬಿ.ಎ. ಆಯ್ಕೆಯಲ್ಲಿ 52ನೆಯವನಾಗಿ ಡಲ್ಲಾಸ್ ತಂಡಕ್ಕೆ ಆರಿಸಲ್ಪಟ್ಟ. ಭಾರತದಲ್ಲಿ ಹುಟ್ಟಿದವರಲ್ಲಿ ಮೊದಲಿಗ. 2021ರಲ್ಲಿ ಅವನು ಅಮೆರಿಕದಲ್ಲಿ ಕುಸ್ತಿ ಪ್ರದರ್ಶನದ ಕಂಪನಿ ಸೇರಿದ. ಅವನ ಬದುಕು ಅವನದು. ಆದರೆ ಏಳಡಿಯ ಆಟಗಾರನಿಗೆ ತನ್ನ ದೇಶದಲ್ಲಿ ವರ್ಷ ವರ್ಷ ಆಡಲು ಒಂದು ಗಟ್ಟಿ ಲೀಗು ಇರಲಿಲ್ಲ ಎಂಬುದು ನಮ್ಮೆಲ್ಲರಿಗೂ ಸೇರಿದ ವಿಷಯ.

ಹಾಗಾದರೆ ಏನು ಮಾಡಬೇಕು? ಕೋಟಿಗಳ ಮಾತು ನನಗೆ ಬರೋಲ್ಲ. ಎರಡು ಸಣ್ಣ ಮಾತು ಹೇಳುತ್ತೇನೆ. ಒಂದು, ಪ್ರತಿ ತಂಡವೂ ತನ್ನ ಹೆಸರಿನ ಊರಿನಲ್ಲಿ ಕೊನೆಗೆ ಮೂರು ಪಂದ್ಯವನ್ನಾದರೂ ಆಡಲಿ. ಕಂಠೀರವದ ಒಳಾಂಗಣ ಸಣ್ಣದೇನಲ್ಲ. 2017ರಲ್ಲಿ ಮಹಿಳೆಯರ ಏಷ್ಯಾ ಕಪ್ ಬೆಂಗಳೂರಿನಲ್ಲೇ ನಡೆಯಿತು, ಅಲ್ಲಿ ಬಿ ಡಿವಿಷನ್ ಗೆದ್ದು ನಮ್ಮ ಹುಡುಗಿಯರು ಎ ಡಿವಿಷನ್ನಿಗೆ ಏರಿದರು. ಎರಡು, ಹೊಸ ತಂಡ ಕಟ್ಟುವವರು ಊರಿನ ಹಳೆಯ ಕ್ಲಬ್ಬುಗಳನ್ನು ಜೊತೆಗೆ ಸೇರಿಸಿಕೊಳ್ಳಲಿ. ಬೆಂಗಳೂರಿನ ಬೀಗಲ್ಸ್, ವಿಮಾನಪುರದಂಥ ಕ್ಲಬ್ಬುಗಳ ಅಂಕಣದಲ್ಲಿ ಹುಡುಗರು, ಅವರ ಅಪ್ಪಂದಿರು, ನೆರೆಹೊರೆಯವರು ಆಗಲೇ ಇದ್ದಾರೆ. ಅವರನ್ನು ಬಿಟ್ಟು ಅಭಿಮಾನಿಗಳನ್ನು ಎಲ್ಲಿಂದ ತರುತ್ತಾರೆ?

ಹೆಸರಿಗೂ ನೆಲೆಗೂ ಇರುವ ವ್ಯತ್ಯಾಸ ಆರ್.ಕೆ.ಪುರಂನ ಕನ್ನಡಿಗರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ನಾವಿರುವ ಕ್ವಾರ್ಟರ್ಸ್ ನಮ್ಮದಲ್ಲ. ನಿವೃತ್ತಿಯಾದರೆ ಬೀಗದ ಕೈ ವಾಪಸು. ಆದರೂ ಇಲ್ಲಿ ಕನ್ನಡ ಉಳಿದಿದೆ. ಉಳಿದದ್ದು 'ನಾವು ಕನ್ನಡಿಗರು' ಎಂಬ ಹೆಸರಿನ ಬಲದಿಂದಲ್ಲ. ಸೆಕ್ಟರ್ 12ರಲ್ಲಿ ಕರ್ನಾಟಕ ಸಂಘದ ಕಟ್ಟಡವಿದೆ, ಒಂದು ರಂಗಮಂದಿರವಿದೆ, ಸಂಜೆ ಹೋಗಿ ನಿಲ್ಲಲು ಒಂದು ಬಾಗಿಲಿದೆ. ಅದು ಇಲ್ಲದೇ ಹೋಗಿದ್ದರೆ ನಾವೂ ಬೆಂಗಳೂರು ಬೀಸ್ಟ್ ಆಗಿರುತ್ತಿದ್ದೆವು, ಎರಡು ವರ್ಷ ಹೆಸರು, ಆಮೇಲೆ ಏನೂ ಇಲ್ಲ. ಲೀಗ್ ಕಟ್ಟುವ ದೊಡ್ಡವರು ಮುಂದಿನ ಸೀಸನ್ನಿನ ಲೆಕ್ಕ ಹಾಕುವ ಮೊದಲು ತಂಡಕ್ಕೊಂದು ಬಾಗಿಲು ಮಾಡಲಿ. ಒಳಗೆ ಬರುವ ಕೆಲಸ ನಮ್ಮದು.