ಬೆಂಕಿ ಒಲೆಯಲ್ಲಿರಲಿ, ಗುಡ್ಡಕ್ಕೆ ಬೇಡ



ಫೆಬ್ರವರಿ ಬಂತೆಂದರೆ ನಮ್ಮ ಗುಡ್ಡಗಳಲ್ಲಿ ಹೊಗೆ ಏಳುತ್ತದೆ. ಗೇರುಬೀಜ ಹೆಕ್ಕಲು ಸುಲಭವಾಗಲೆಂದು ಒಣಹುಲ್ಲಿಗೆ, ತರಗೆಲೆಗೆ ಬೆಂಕಿ ಕೊಡುತ್ತೇವೆ. "ಹಿರಿಯರು ಸುಡುಮಣ್ಣು ಮಾಡಲಿಲ್ಲವೇ?" ಎಂದು ಕೆಲವರು ಕೇಳುವುದುಂಟು. ಮಾಡಿದರು, ನಿಜ. ಆದರೆ ಅವರು ಸೊಪ್ಪು, ಮಣ್ಣನ್ನು ಒಂದೆಡೆ ರಾಶಿ ಹಾಕಿ ನಿಧಾನವಾಗಿ ಸುಟ್ಟರು. ಗಾಳಿಗೆ ಬಿಟ್ಟ ಬೆಂಕಿಗೆ ನೆರೆಯವರ ಬೇಲಿ ಕಾಣದು.

ಸುಟ್ಟಾಗ ಸೊಪ್ಪಿನ ಸಾರಜನಕದ ಬಹುಪಾಲು ಗಾಳಿಯ ಪಾಲು. ಬೂದಿಯಲ್ಲುಳಿದ ಪೊಟ್ಯಾಷ್ ಮೊದಲ ಮಳೆಗೇ ಮೇಲ್ಮಣ್ಣಿನೊಡನೆ ಇಳಿಜಾರಿನಲ್ಲಿ ಕೊಚ್ಚಿಹೋಗುತ್ತದೆ. ಆಮೇಲೆ ಅದೇ ಗೊಬ್ಬರವನ್ನು ಹಣ ಕೊಟ್ಟು ತರುತ್ತೇವೆ! ಕಾಸರಗೋಡಿನ ಸಿ.ಪಿ.ಸಿ.ಆರ್.ಐ. ಸಂಸ್ಥೆಯು ತೆಂಗಿನ ಗರಿಯಿಂದ ಎರೆಗೊಬ್ಬರ ಮಾಡುವ ವಿಧಾನವನ್ನು ತೋರಿಸಿಕೊಟ್ಟಿದೆ. ಅದಾಗದಿದ್ದರೆ ಮರದ ಬುಡಕ್ಕೆ ಹೊದಿಸಿದರೂ ಸಾಕು. ಚರ್ಚಿನ ಅಂಗಳದ ತರಗೆಲೆಯನ್ನು ನಾವೂ ಸುಡುತ್ತಿದ್ದೆವು. ಈಗ ಗುಂಡಿಗೆ ಹಾಕುತ್ತೇವೆ. ಗೇರುಮರದಡಿಯ ಹುಲ್ಲನ್ನು ಬೀಜ ಬೀಳುವ ಮೊದಲೇ ಕತ್ತಿಯಿಂದ ಸವರಿದರೆ ಬೆಂಕಿಯ ಅಗತ್ಯವೇ ಇಲ್ಲ.

ಇನ್ನೊಂದು ಮಾತು ಆರೋಗ್ಯದ್ದು. ಬಚ್ಚಲೊಲೆ ಹೊತ್ತಿಸಲು ಪ್ಲಾಸ್ಟಿಕ್ ತೊಟ್ಟೆ ಹಾಕುವ ಅಭ್ಯಾಸ ಹಲವು ಮನೆಗಳಲ್ಲಿದೆ. ಆ ವಿಷದ ಹೊಗೆಯನ್ನು ಮೊದಲು ಕುಡಿಯುವವರು ನಮ್ಮ ತಾಯಂದಿರು, ಮಕ್ಕಳು. 2023ರ ಮಾರ್ಚಿನಲ್ಲಿ ಕೊಚ್ಚಿಯ ಬ್ರಹ್ಮಪುರದ ಕಸದ ರಾಶಿ ಹತ್ತು ದಿನಕ್ಕೂ ಹೆಚ್ಚು ಉರಿದು ಜನ ಉಸಿರಾಡಲು ಕಷ್ಟಪಟ್ಟದ್ದು ನೆನಪಿರಲಿ. ಮನೆಗೆ ಬರುವ ಹರಿತ ಕರ್ಮ ಸೇನೆಯವರಿಗೆ ತೊಟ್ಟೆಗಳನ್ನು ತೊಳೆದು, ಒಣಗಿಸಿ ಕೊಡೋಣ.

ಈಸ್ಟರ್ ಜಾಗರಣೆಯಂದು ಹೊಸ ಬೆಂಕಿಯನ್ನು ಆಶೀರ್ವದಿಸುವವರು ನಾವು. ಬೆಂಕಿ ದೇವರ ವರ. ಅದನ್ನು ಕಾಯುವ ಹೊಣೆ ನಮ್ಮದು. ಕಡ್ಡಿ ಗೀರುವ ಮೊದಲು ಒಮ್ಮೆ ಯೋಚಿಸೋಣ.