ಪಕ್ಕದ ಮನೆಗೆ ಕೇಳಿಸದ ಹಾಡು

ಆಫೀಸಿನ ಕೆಲಸದ ಮೇಲೆ ಎಂಟು ತಿಂಗಳು ಟೊರೊಂಟೊದಲ್ಲಿದ್ದ ಕಥೆಯನ್ನ ಇಲ್ಲಿ ಕಂತುಕಂತಾಗಿ ಹೇಳಿ ನಿಮಗೆ ಸಾಕಷ್ಟು ಬೇಜಾರು ಮಾಡಿಸಿದ್ದೀನಿ. ಚಳಿ, ಮನೆ ಬಾಡಿಗೆ, ಕೊತ್ತಂಬರಿ ಸೊಪ್ಪಿನ ಬೆಲೆ, ಎಲ್ಲ ಆಯ್ತು. ಆದರೆ ಅಲ್ಲಿಂದ ನಾನು ನಿಜವಾಗಿ ಹೊತ್ತು ತಂದದ್ದು ಯಾವುದು ಅಂತ ಕೇಳಿದರೆ ಅದಿನ್ನೂ ಹೇಳಿಲ್ಲ. ಅದು ಒಂದು ಬ್ಯಾಂಡು.

ನಮ್ಮ ಟೀಮಿನಲ್ಲಿ ಐವತ್ತು ದಾಟಿದ ಒಬ್ಬ ಹಿರಿಯರಿದ್ದರು. ಶುಕ್ರವಾರ ಸಂಜೆ ಕೆಲಸ ಮುಗಿಯೋ ಹೊತ್ತಿಗೆ ಸಣ್ಣ ಸ್ಪೀಕರಿನಲ್ಲಿ ಹಾಡು ಹಾಕೋರು. ಪ್ರತಿ ವಾರ ಅದೇ ದನಿ. ಸ್ವಲ್ಪ ನಡುಗೋ ಹಾಗೆ, ಏನೋ ಗುಟ್ಟು ಹೇಳ್ತಿರೋ ಹಾಗೆ. ಒಂದಿನ ತಡೀಲಾರದೆ "ಇದು ಯಾರು?" ಅಂದೆ. ರಾಜಾಜಿನಗರದಲ್ಲಿ ನಿಂತು "ರಾಜ್‌ಕುಮಾರ್ ಯಾರು?" ಅಂತ ಕೇಳಿದರೆ ಜನ ಹೇಗೆ ನೋಡ್ತಾರೋ ಹಾಗೆ ನೋಡಿದರು. ಆಮೇಲೆ ನಕ್ಕು, "ನಿಮಗೆ ಗೊತ್ತಿಲ್ಲದಿರೋದು ತಪ್ಪಲ್ಲ ಬಿಡಿ, ಪಕ್ಕದ ಅಮೆರಿಕದವರಿಗೇ ಗೊತ್ತಿಲ್ಲ" ಅಂದರು. ಆ ಮಾತಿನಲ್ಲಿ ಬೇಸರ ಇತ್ತೋ ಹೆಮ್ಮೆ ಇತ್ತೋ ಅಂತ ಆಗ ತಿಳೀಲಿಲ್ಲ.

ಬ್ಯಾಂಡಿನ ಹೆಸರು ದಿ ಟ್ರ್ಯಾಜಿಕಲಿ ಹಿಪ್. ಕೆನಡಾದವರು ಪ್ರೀತಿಯಿಂದ ಬರೀ "ಹಿಪ್" ಅಂತಾರೆ. ಕೆನಡಾದ ಹಾಡುಗಾರರು ಅಂದರೆ ನನಗೆ ಗೊತ್ತಿದ್ದದ್ದು ಬ್ರಯಾನ್ ಆಡಮ್ಸ್ ಒಬ್ಬರೇ. ಅದೂ ನಮ್ಮ ಕಾಲೇಜ್ ಫೆಸ್ಟಿನಲ್ಲಿ ಪ್ರತಿ ವರ್ಷ ಯಾರೋ ಒಬ್ಬ ಹುಡುಗ ಗಿಟಾರ್ ಹಿಡಿದು ಅವರ ಹಾಡನ್ನ ಕೊಲ್ತಿದ್ದ ಕಾರಣಕ್ಕೆ.

1984ರಲ್ಲಿ ಕಿಂಗ್‌ಸ್ಟನ್ ಅನ್ನೋ ಊರಿನಲ್ಲಿ ಇವರು ಶುರು ಮಾಡಿದ್ದು. ಒಂಟಾರಿಯೊ ಸರೋವರದ ದಡದ ಊರು, ನೀರಿನ ಆ ಕಡೆ ಅಮೆರಿಕ. ಗಿಟಾರ್ ನುಡಿಸೋ ರಾಬ್ ಬೇಕರ್, ಬೇಸ್ ನುಡಿಸೋ ಗಾರ್ಡ್ ಸಿಂಕ್ಲೇರ್ ಇಬ್ಬರೂ ಎದುರುಬದುರು ಮನೆ ಹುಡುಗರು. ಡ್ರಮ್ಸ್‌ಗೆ ಜಾನಿ ಫೇ, ಹಾಡೋದಕ್ಕೆ, ಬರೆಯೋದಕ್ಕೆ ಗಾರ್ಡ್ ಡೌನಿ. 1986ರಲ್ಲಿ ಪಾಲ್ ಲಾಂಗ್ಲ್ವಾ ಎರಡನೇ ಗಿಟಾರಿಗೆ ಬಂದರು. ಅಲ್ಲಿಂದ ಕೊನೇವರೆಗೂ ಅದೇ ಐದು ಜನ. ಮೂವತ್ತು ವರ್ಷ! ನಮ್ಮ ಕ್ಷೇತ್ರದಲ್ಲಿ ಐದು ಜನರ ಟೀಮು ಮೂರು ವರ್ಷ ಒಟ್ಟಿಗಿದ್ದರೆ ಕೇಕ್ ಕತ್ತರಿಸ್ತೀವಿ. ಇವರು ಉಳಿದುಕೊಂಡದ್ದಕ್ಕೆ ಒಂದು ಕಾರಣ ದುಡ್ಡಿನ ಲೆಕ್ಕ ಅನ್ನಿಸುತ್ತೆ ನನಗೆ. ಸಾಹಿತ್ಯ ಹೆಚ್ಚುಕಮ್ಮಿ ಎಲ್ಲ ಡೌನಿಯದೇ ಆದರೂ, ಶುರುವಿನ ವರ್ಷಗಳಲ್ಲೇ ಹಾಡುಗಳನ್ನ ಬ್ಯಾಂಡಿನ ಹೆಸರಿಗೆ ಬರೆದು, ಎಲ್ಲರೂ ಸಮನಾಗಿ ಹಂಚಿಕೊಳ್ಳೋದು ಅಂತ ತೀರ್ಮಾನ ಮಾಡಿಕೊಂಡರು. ಹೀಗಾಗಿ "ಅದು ನನ್ನ ಹಾಡು" ಅನ್ನೋ ಜಗಳಕ್ಕೆ ಜಾಗ ಉಳೀಲಿಲ್ಲ.

ತೊಂಬತ್ತರ ದಶಕದಲ್ಲಿ ಕೆನಡಾದಲ್ಲಿ ಇವರದೇ ರಾಜ್ಯಭಾರ. ಅಮೆರಿಕಕ್ಕೆ ಹೋಗಲಿಲ್ಲ ಅಂತಲ್ಲ, ಮತ್ತೆ ಮತ್ತೆ ಹೋದರು. 1995ರಲ್ಲಿ ಸ್ಯಾಟರ್ಡೇ ನೈಟ್ ಲೈವ್ ಕಾರ್ಯಕ್ರಮದಲ್ಲಿ ಹಾಡಿದರು, 1999ರ ವುಡ್‌ಸ್ಟಾಕ್ ಉತ್ಸವದಲ್ಲೂ ಹಾಡಿದರು. ಗಡಿಗೆ ಅಂಟಿಕೊಂಡ ಊರುಗಳನ್ನ ಬಿಟ್ಟರೆ ಅಲ್ಲಿ ದೊಡ್ಡ ಹೆಸರು ಆಗಲೇ ಇಲ್ಲ. ಇವರ ಬಗ್ಗೆ ಬರೆದವರೆಲ್ಲ ಇದನ್ನೇ ಒಂದು ಒಗಟಿನ ಹಾಗೆ ಬಿಡಿಸೋಕೆ ನೋಡ್ತಾರೆ: ಯಾಕೆ ಅಲ್ಲಿ ಗೆಲ್ಲಲಿಲ್ಲ? ನನಗೆ ಈ ಪ್ರಶ್ನೆಯೇ ಸರಿ ಕಾಣಲ್ಲ. ಮೈಸೂರು ಅನಂತಸ್ವಾಮಿಯವರ ಭಾವಗೀತೆ ನಾಗಪುರದಲ್ಲಿ ಯಾಕೆ ಓಡಲಿಲ್ಲ ಅಂತ ಯಾರಾದ್ರೂ ಕೇಳ್ತಾರಾ? ಅಲ್ಲಾದರೂ ಭಾಷೆ ಬೇರೆ ಅನ್ನಬಹುದು. ಇವರದು ಪಕ್ಕದವರದೇ ಇಂಗ್ಲಿಷು. ಆದರೂ ಕೇಳಿಸಲಿಲ್ಲ. ಯಾಕಂದರೆ ಹಾಡಿನೊಳಗಿದ್ದದ್ದು ಮನೆಯೊಳಗಿನ ಮಾತು.

ಎರಡು ಉದಾಹರಣೆ ಕೊಡ್ತೀನಿ. ಎರಡೂ 1992ರ "ಫುಲ್ಲಿ ಕಂಪ್ಲೀಟ್ಲಿ" ಆಲ್ಬಮ್‌ನವು.

ಮೊದಲನೆಯದು ಬಿಲ್ ಬರಿಲ್ಕೊ ಅನ್ನೋ ಹಾಕಿ ಆಟಗಾರನ ಬಗ್ಗೆ. ಅಲ್ಲಿ ಹಾಕಿ ಅಂದರೆ ಐಸ್ ಮೇಲಿನ ಹಾಕಿ, ನಮ್ಮಲ್ಲಿ ಕ್ರಿಕೆಟ್ ಇದ್ದ ಹಾಗೆ. 1951ರ ಏಪ್ರಿಲ್‌ನಲ್ಲಿ ಟೊರೊಂಟೊ ಮೇಪಲ್ ಲೀಫ್ಸ್ ತಂಡಕ್ಕೆ ಸ್ಟ್ಯಾನ್ಲಿ ಕಪ್ ಗೆಲ್ಲಿಸಿಕೊಟ್ಟ ಗೋಲು ಹೊಡೆದದ್ದು ಈತ. ವಯಸ್ಸು ಇಪ್ಪತ್ತನಾಲ್ಕು. ಅದೇ ಆಗಸ್ಟಿನಲ್ಲಿ ಮೀನು ಹಿಡಿಯೋಕೆ ಅಂತ ಗೆಳೆಯನ ಸಣ್ಣ ವಿಮಾನದಲ್ಲಿ ಹೋದವನು ವಾಪಸ್ ಬರಲಿಲ್ಲ. ಹನ್ನೊಂದು ವರ್ಷ ಸುಳಿವೇ ಇಲ್ಲ. ಅಷ್ಟು ವರ್ಷ ಆ ತಂಡ ಒಂದು ಕಪ್ಪೂ ಗೆಲ್ಲಲಿಲ್ಲ. 1962ರ ಏಪ್ರಿಲ್‌ನಲ್ಲಿ ಕೊನೆಗೂ ಗೆದ್ದರು, ಜೂನ್‌ನಲ್ಲಿ ಕಾಡಿನೊಳಗೆ ವಿಮಾನದ ಅವಶೇಷ ಸಿಕ್ಕಿತು. ಇಂಥ ಕಥೆಗೆ ನಮ್ಮೂರಲ್ಲಾದರೆ ಒಂದು ಗುಡಿ ಕಟ್ಟಿಬಿಡ್ತಿದ್ದರು. ಡೌನಿ ಇದನ್ನ ಓದಿದ್ದು ಆಟಗಾರರ ಫೋಟೋ ಇರೋ ಒಂದು ಕಾರ್ಡಿನ ಹಿಂಭಾಗದಲ್ಲಿ.

ಎರಡನೆಯದು "ವೀಟ್ ಕಿಂಗ್ಸ್". ಮೆತ್ತಗಿನ ಹಾಡು, ಮಗು ಮಲಗಿಸಬಹುದು ಅನ್ನೋ ಥರದ್ದು. ಒಳಗಿರೋದು ಡೇವಿಡ್ ಮಿಲ್‌ಗಾರ್ಡ್ ಅನ್ನೋ ಹುಡುಗನ ಕಥೆ. 1969ರಲ್ಲಿ ಸಸ್ಕಟೂನ್ ಊರಿನಲ್ಲಿ ಒಬ್ಬ ನರ್ಸಿಂಗ್ ಸಹಾಯಕಿಯ ಕೊಲೆಯಾಯ್ತು. ಅಲ್ಲಿಗೆ ಬಂದಿದ್ದ ಈ ಹದಿನಾರು ವರ್ಷದ ಹುಡುಗನ ಮೇಲೆ ಆರೋಪ ಬಿತ್ತು. ಜೀವಾವಧಿ ಶಿಕ್ಷೆ. ಅವನು ಮಾಡಿರಲಿಲ್ಲ. ಅವನಮ್ಮ ಜಾಯ್ಸ್ ನಂಬಿಕೆ ಬಿಡದೆ ಸಾಕ್ಷಿಗಳನ್ನ ಹುಡುಕಿಕೊಂಡು ಅಲೆದರು, ಮಂತ್ರಿಗಳ ದಾರಿಗೆ ಅಡ್ಡ ನಿಂತು ಕೇಳಿದರು. ಇಪ್ಪತ್ತಮೂರು ವರ್ಷ ಒಳಗಿದ್ದು 1992ರಲ್ಲಿ ಆತ ಹೊರಗೆ ಬಂದ. ಅದೇ ವರ್ಷ ಈ ಹಾಡು. ಡಿಎನ್‌ಎ ಪರೀಕ್ಷೆಯಿಂದ ನಿರಪರಾಧಿ ಅಂತ ಖಚಿತ ಆಗಿದ್ದು ಇನ್ನೂ ಐದು ವರ್ಷ ಕಳೆದ ಮೇಲೆ, 1997ರಲ್ಲಿ. ಅಂದರೆ ಪೂರ್ತಿ ಕಳಂಕ ಕಳೆಯೋ ಮೊದಲೇ ಇವರು ಹಾಡಿಬಿಟ್ಟಿದ್ದರು, ಜನ ಕೆರೆ ದಡದ ಬೇಸಿಗೆ ಮನೆಗಳಲ್ಲಿ ಬಿಯರ್ ಹಿಡಿದು ಜೊತೆಗೆ ಗುನುಗ್ತಿದ್ದರು. ದೇಶವನ್ನ ಹೊಗಳಿ ಹಾಡಿದ್ದಕ್ಕೆ ಇವರು ದೇಶದ ಬ್ಯಾಂಡ್ ಆದರು ಅಂತ ಮೊದಲು ಅಂದುಕೊಂಡಿದ್ದೆ. ಹಾಗಲ್ಲ. ಮನೆಯ ತಪ್ಪನ್ನ ಮನೆಯವರ ಎದುರಿಗೇ, ದನಿ ಏರಿಸದೆ ಹೇಳಿದರು.

ಈಗ 2016ಕ್ಕೆ ಬರ್ತೀನಿ, ಆ ಹಿರಿಯರು ನನಗೆ ಅರ್ಧ ಗಂಟೆ ಹೇಳಿದ ಕಥೆ ಅದೇ.

ಆ ಮೇ ತಿಂಗಳಲ್ಲಿ ಬ್ಯಾಂಡ್ ಒಂದು ಪ್ರಕಟಣೆ ಕೊಟ್ಟಿತು: ಡೌನಿಗೆ ಮೆದುಳಿನ ಕ್ಯಾನ್ಸರ್, ಗ್ಲಿಯೋಬ್ಲಾಸ್ಟೋಮಾ, ವಾಸಿಯಾಗೋದಲ್ಲ. ಆದರೂ ಬೇಸಿಗೆಯಲ್ಲಿ ಪ್ರವಾಸ ಹೋಗ್ತೀವಿ. ಆತನಿಗೆ ಆಗ ಐವತ್ತೆರಡು. ಆಪರೇಷನ್ ಆದ ಮೇಲೆ ನೆನಪು ಚೆಲ್ಲಾಪಿಲ್ಲಿ. ಮೂವತ್ತು ವರ್ಷ ಹಾಡಿದ, ತಾನೇ ಬರೆದ ಸಾಲುಗಳೇ ಹೋಗಿದ್ದವು. ಕೂತು ಮೊದಲಿಂದ ಕಲಿತರು. ವೇದಿಕೆ ಮೇಲೆ ಸಾಲು ತೋರಿಸೋ ಪರದೆಗಳನ್ನ ಇಡಿಸಿಕೊಂಡರು. ಮುಂದೆ ಅಕ್ಟೋಬರಿನಲ್ಲಿ ಟೀವಿ ಸಂದರ್ಶನಕ್ಕೆ ಕೂತಾಗ, ಎದುರಿಗಿದ್ದ ಪತ್ರಕರ್ತ ಪೀಟರ್ ಮ್ಯಾನ್ಸ್‌ಬ್ರಿಜ್ ಅವರ ಹೆಸರನ್ನ ಕೈ ಮೇಲೆ ಬರೆದುಕೊಂಡಿದ್ದರು, ಮರೆತುಹೋದೀತು ಅಂತ. ಅದನ್ನ ಮುಚ್ಚಿಡಲೂ ಇಲ್ಲ.

ಟಿಕೆಟ್ ಕಥೆ ಬೇರೆ ಇದೆ, ನನ್ನ ವೃತ್ತಿಯವರು ತಲೆ ತಗ್ಗಿಸೋ ಕಥೆ. ಮಾರಾಟ ತೆರೆದ ಕ್ಷಣದಲ್ಲಿ ಬಾಟ್‌ಗಳು, ಅಂದರೆ ಮನುಷ್ಯರ ಹಾಗೆ ನಟಿಸಿ ಸೆಕೆಂಡಿನಲ್ಲಿ ಸಾವಿರ ಸಲ ಬಟನ್ ಒತ್ತೋ ಪ್ರೋಗ್ರಾಮ್‌ಗಳು, ಟಿಕೆಟ್‌ಗಳನ್ನ ಗುಡಿಸಿಕೊಂಡು ಹೋದವು. ಕೆಲವೇ ನಿಮಿಷಗಳಲ್ಲಿ ಅವೇ ಟಿಕೆಟ್ ಬೇರೆ ಕಡೆ ನಾಲ್ಕೈದು ಪಟ್ಟು ಬೆಲೆಗೆ. ಸಾಯೋ ಮನುಷ್ಯನ ಕೊನೇ ಹಾಡಿನ ಮೇಲೂ ಬ್ಲ್ಯಾಕ್ ಟಿಕೆಟ್! ಜನ ಸುಮ್ಮನಿರಲಿಲ್ಲ. ಆ ಗಲಾಟೆಯಿಂದಲೇ ಒಂಟಾರಿಯೊ ಪ್ರಾಂತ್ಯ 2017ರಲ್ಲಿ ಟಿಕೆಟ್ ಬಾಟ್‌ಗಳನ್ನ ನಿಷೇಧಿಸೋ ಕಾನೂನು ತಂದಿತು. ಮರುಮಾರಾಟದ ಬೆಲೆಗೂ ಮಿತಿ ಹಾಕ್ತೀವಿ ಅಂದಿದ್ದರು, ಮುಂದೆ ಬಂದ ಸರ್ಕಾರ ಅದನ್ನ ಕೈಬಿಟ್ಟಿತು. ಎಲ್ಲ ಕಡೆ ಸರ್ಕಾರಗಳು ಒಂದೇ ಥರ.

ಕೊನೆಯ ಕಾರ್ಯಕ್ರಮ ಆಗಸ್ಟ್ 20ರಂದು, ಅವರ ಊರು ಕಿಂಗ್‌ಸ್ಟನ್‌ನಲ್ಲೇ. ರಿಯೋ ಒಲಿಂಪಿಕ್ಸ್ ನಡೀತಿದ್ದ ದಿನಗಳು, ಹಿಂದಿನ ದಿನ ಸಿಂಧು ಬೆಳ್ಳಿ ಗೆದ್ದ ಖುಷಿಯಲ್ಲಿ ನಾವಿದ್ದೆವು. ಕೆನಡಾದ ಸಾರ್ವಜನಿಕ ವಾಹಿನಿ ಸಿಬಿಸಿ ಒಲಿಂಪಿಕ್ಸನ್ನ ಬದಿಗಿಟ್ಟು, ಒಂದೂ ಜಾಹೀರಾತಿಲ್ಲದೆ ಇದನ್ನ ನೇರ ತೋರಿಸಿತು. ನೋಡಿದವರು 1 ಕೋಟಿ 17 ಲಕ್ಷ. ದೇಶದ ಜನಸಂಖ್ಯೆಯೇ ಆಗ ಸುಮಾರು 3.6 ಕೋಟಿ. ಊರೂರಲ್ಲಿ ಪಾರ್ಕು, ಚೌಕಗಳಲ್ಲಿ ಪರದೆ ಕಟ್ಟಿದ್ದರು. ನಮ್ಮ ಹಿರಿಯರು ತಮ್ಮೂರಿನ ಪಾರ್ಕಿನಲ್ಲಿ ಮಡಚೋ ಕುರ್ಚಿ ಹಾಕಿಕೊಂಡು ಕೂತಿದ್ದರಂತೆ, ಪಕ್ಕದಲ್ಲಿ ಅವರ ಅಪ್ಪ. "ನಮ್ಮಪ್ಪ ಅಳೋದನ್ನ ನಾನು ಅದಕ್ಕೆ ಮೊದಲು ನೋಡಿರಲಿಲ್ಲ" ಅಂದರು. ಆಮೇಲೆ ಸ್ವಲ್ಪ ಹೊತ್ತು ಕಂಪ್ಯೂಟರ್ ನೋಡ್ತಾ ಕೂತರು, ಏನೂ ಟೈಪ್ ಮಾಡಲಿಲ್ಲ.

ಆ ರೆಕಾರ್ಡಿಂಗ್ ನಾನೂ ಆಮೇಲೆ ನೋಡಿದೆ. ಮಿರಿಮಿರಿ ಮಿಂಚೋ ಸೂಟು, ಗರಿ ಸಿಕ್ಕಿಸಿದ ಹ್ಯಾಟು. "ಗ್ರೇಸ್, ಟೂ" ಹಾಡಿನ ಕೊನೆಗೆ ಹಾಡು ನಿಂತು ಬರೀ ಕೂಗು ಬರುತ್ತೆ, ಅಳು ಬರುತ್ತೆ. ನಾನು ಅಲ್ಲಿ ಪಾಸ್ ಮಾಡಿ ನೀರು ಕುಡಿದು ಬಂದೆ.

ಆದರೆ ನನ್ನನ್ನ ಹಿಡಿದದ್ದು ಅಳು ಅಲ್ಲ. ಪ್ರಧಾನಿ ಜಸ್ಟಿನ್ ಟ್ರುಡೊ ಸಭೆಯಲ್ಲಿದ್ದರು. ಹಾಡಿನ ಮಧ್ಯೆ ಡೌನಿ ಅವರನ್ನ ಹೆಸರಿಡಿದು ಮಾತಾಡಿಸಿ, ಉತ್ತರದ ಮೂಲನಿವಾಸಿಗಳ ವಿಷಯ ತೆಗೆದರು. ಅವರ ಕಡೆ ನೋಡಲೇಬಾರದು ಅಂತ ನಮಗೆಲ್ಲ ಹುಟ್ಟಿದಾಗಿಂದ ಅಭ್ಯಾಸ ಮಾಡಿಸಿದ್ದಾರೆ, ಇದನ್ನ ನೀವು ಸರಿ ಮಾಡಬೇಕು ಅನ್ನೋ ಅರ್ಥದಲ್ಲಿ. ದೇಶದ ಮೂರನೇ ಒಂದು ಭಾಗ ಕಣ್ಣೀರು ಹಾಕ್ತಾ ತನ್ನನ್ನೇ ನೋಡ್ತಿರುವಾಗ ಆ ಗಮನವನ್ನ ಹಾಗೇ ಎತ್ತಿ ಬೇರೆಯವರ ಕಡೆ ತಿರುಗಿಸಿಬಿಟ್ಟರು.

ಬರೀ ಮಾತಲ್ಲ. ಅದೇ ಅಕ್ಟೋಬರಿನಲ್ಲಿ "ಸೀಕ್ರೆಟ್ ಪಾತ್" ಅಂತ ಹತ್ತು ಹಾಡುಗಳು ಬಂದವು, ಜೊತೆಗೆ ಜೆಫ್ ಲೆಮೀರ್ ಬರೆದ ಚಿತ್ರಗಳ ಪುಸ್ತಕ. ಚೇನಿ ವೆಂಜಾಕ್ ಅನ್ನೋ ಹನ್ನೆರಡು ವರ್ಷದ ಹುಡುಗನ ಕಥೆ. ನಮ್ಮಲ್ಲಿ ವಸತಿ ಶಾಲೆ ಅಂದರೆ ಮೊರಾರ್ಜಿ ದೇಸಾಯಿ ಶಾಲೆ ನೆನಪಾಗುತ್ತೆ, ಸೀಟು ಸಿಕ್ಕರೆ ಪುಣ್ಯ. ಕೆನಡಾದಲ್ಲಿ ಆ ಪದ ಕೇಳಿದರೆ ಜನ ಗಂಭೀರ ಆಗ್ತಾರೆ. ಅಲ್ಲಿ ಮೂಲನಿವಾಸಿಗಳ ಒಂದೂವರೆ ಲಕ್ಷ ಮಕ್ಕಳನ್ನ ಮನೆಯಿಂದ ದೂರ ಮಾಡಿ, ಅವರ ಭಾಷೆ, ನಡೆನುಡಿ ಬಿಡಿಸೋಕೆ ಅಂತಲೇ ವಸತಿ ಶಾಲೆಗಳಿಗೆ ಹಾಕಿದ್ದರು. ಕೊನೆಯದು ಮುಚ್ಚಿದ್ದು 1990ರ ದಶಕದಲ್ಲಿ. 1966ರ ಅಕ್ಟೋಬರಿನಲ್ಲಿ ಚೇನಿ ಕೆನೋರಾ ಊರಿನ ಅಂಥದೊಂದು ಶಾಲೆಯಿಂದ ತಪ್ಪಿಸಿಕೊಂಡು ಮನೆಗೆ ಹೊರಟ. ಮನೆ ಸುಮಾರು 600 ಕಿಲೋಮೀಟರ್ ದೂರ, ಅಷ್ಟು ದೂರ ಅಂತ ಅವನಿಗೆ ಗೊತ್ತಿರಲಿಲ್ಲ. ರೈಲು ಹಳಿ ಹಿಡಿದು ನಡೆದ. ಮೈಮೇಲೆ ತೆಳ್ಳನೆ ಜಾಕೆಟ್ಟು. ಹಳಿ ಪಕ್ಕದಲ್ಲೇ ಚಳಿಗೆ ಸತ್ತುಬಿದ್ದಿದ್ದ. ಶಾಲೆಯವರು ಅವನನ್ನ ಚಾರ್ಲಿ ಅಂತ ಕರೀತಿದ್ದರು. ಸತ್ತ ಮೇಲೆ ಪತ್ರಿಕೆಯಲ್ಲೂ ಅದೇ ತಪ್ಪು ಹೆಸರು ಬಂತು. ಆ ಹಳೇ ಪತ್ರಿಕಾ ಲೇಖನದ ಬಗ್ಗೆ ಡೌನಿಗೆ ಹೇಳಿದ್ದು ಅವರ ಅಣ್ಣ ಮೈಕ್. ಜನರ ಹೆಸರು ನೆನಪಿಟ್ಟುಕೊಳ್ಳೋಕೆ ಕೈ ಮೇಲೆ ಬರೆದುಕೊಳ್ತಿದ್ದ ಮನುಷ್ಯ, ತನ್ನ ಕೊನೇ ವರ್ಷ ಖರ್ಚು ಮಾಡಿದ್ದು ಈ ಹುಡುಗನ ಸರಿಯಾದ ಹೆಸರು ದೇಶಕ್ಕೆ ನೆನಪಿರಲಿ ಅಂತ.

ಬಿಳಿಯ ಗಾಯಕ ಹೇಳಿದಾಗ ಮಾತ್ರ ಜನ ಕೇಳಿದರಲ್ಲ, ಮೂಲನಿವಾಸಿಗಳು ಇದನ್ನ ದಶಕಗಳಿಂದ ಹೇಳ್ತಿದ್ದರು ಅನ್ನೋ ಆಕ್ಷೇಪಣೆ ಇದೆ, ಅದರಲ್ಲಿ ನ್ಯಾಯವೂ ಇದೆ. ಆದರೆ ಚೇನಿಯ ಅಕ್ಕತಂಗಿಯರು ಆತನ ಜೊತೆ ನಿಂತರು. ಎರಡೂ ಕುಟುಂಬ ಸೇರಿ ಇಬ್ಬರ ಹೆಸರಿನಲ್ಲಿ ನಡೆಸೋ ನಿಧಿ ಇವತ್ತಿಗೂ ಶಾಲೆಗಳಲ್ಲಿ ಕೆಲಸ ಮಾಡ್ತಿದೆ.

2017ರ ಅಕ್ಟೋಬರ್ 17ರಂದು ಡೌನಿ ತೀರಿಕೊಂಡರು. ಉಳಿದ ನಾಲ್ವರು ಹೊಸ ಗಾಯಕನನ್ನ ಹುಡುಕಲಿಲ್ಲ. 2021ರ ಜೂನೋ ಪ್ರಶಸ್ತಿ ಸಮಾರಂಭದಲ್ಲಿ ಗಾಯಕಿ ಫೈಸ್ಟ್ ಜೊತೆ ಒಂದು ಹಾಡು ನುಡಿಸಿದರು.

ಈಗ ನಾನೂ ಶುಕ್ರವಾರ ಸಂಜೆ ಮನೆಯಲ್ಲಿ ಅದೇ ಹಾಡು ಹಾಕ್ತೀನಿ. "ವೀಟ್ ಕಿಂಗ್ಸ್" ಶುರುವಾಗೋದು ಒಂದು ಹಕ್ಕಿಯ ಕೂಗಿನಿಂದ. ಹೋದ ವಾರ ಅಮ್ಮ ಅವರೇಕಾಳು ಬಿಡಿಸ್ತಾ ಕೂತಿದ್ದವರು ತಲೆ ಎತ್ತಿ, "ಏನೇ ಅದು, ನಾಯಿ ಊಳಿಟ್ಟ ಹಾಗಿದೆ?" ಅಂದರು. ಲೂನ್ ಅಂತ ನೀರುಹಕ್ಕಿ, ಅಲ್ಲಿನ ಒಂದು ಡಾಲರ್ ನಾಣ್ಯದ ಮೇಲೂ ಅದೇ ಇದೆ ಅಂದೆ. ಹಾಡಿನ ಕಥೆಯನ್ನೂ ಹೇಳಿದೆ. ಹುಡುಗ, ಜೈಲು, ಅಲೆದಾಡಿದ ತಾಯಿ. ಅಮ್ಮನಿಗೆ ಬ್ಯಾಂಡಿನ ಗೊಡವೆ ಬೇಕಾಗಿರಲಿಲ್ಲ.

"ಆಯಮ್ಮ ಏನಾದ್ಲು?" ಅಂದರು.

2020ರಲ್ಲಿ ಹೋದ್ರು ಅಮ್ಮ, ಎರಡು ವರ್ಷಕ್ಕೆ ಮಗನೂ ಹೋದ. ತಪ್ಪಾಗಿ ಶಿಕ್ಷೆ ಆದವರ ಕೇಸು ಮತ್ತೆ ನೋಡೋಕೆ ಅಂತ ಆಯೋಗ ಮಾಡೋ ಕಾನೂನು 2024ರಲ್ಲಿ ಬಂತು, ಅದಕ್ಕೆ ತಾಯಿಮಗ ಇಬ್ಬರ ಹೆಸರೂ ಇಟ್ಟಿದ್ದಾರೆ ಅಂದೆ.

ಅಮ್ಮ ಸ್ವಲ್ಪ ಹೊತ್ತು ಕಾಳು ಬಿಡಿಸಿದರು. ಆಮೇಲೆ "ಇನ್ನೊಂದ್ಸಲ ಹಾಕು" ಅಂದರು.