ಕನ್ನಡದಲ್ಲಿ ಬರಬೇಕಾದ ಒಂದು ಕಿರುಚಿತ್ರ

ಮಳೆಯನ್ನೇ ನೆಚ್ಚಿ ಬಾಳುವ ನಮ್ಮ ಗದಗ ಸೀಮೆಯಲ್ಲಿ ಗಾಲ್ಫ್ ಮೈದಾನವೊಂದನ್ನು ನಿರ್ಮಿಸುವೆನೆಂದು ಯಾರಾದರೂ ಹೊರಟರೆ, ಆ ಹುಲ್ಲು ಎಷ್ಟು ನೀರು ಕುಡಿಯುವುದೆಂದು ಮುಂಡರಗಿಯ ರೈತನು ಮೊದಲು ಕೇಳಿಯಾನು. ಕೇಳುವುದು ನ್ಯಾಯವೂ ಹೌದು. ಆದರೆ ಆ ಆಟದ ಒಂದು ಪಂದ್ಯಾವಳಿಯನ್ನು ಕುರಿತು ಇಪ್ಪತ್ತು ನಿಮಿಷಗಳ ಸಾಕ್ಷ್ಯಚಿತ್ರವು ಕನ್ನಡದಲ್ಲಿ ಸಿದ್ಧವಾಗಿ, ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿಗಳ ಶಾಲೆಗಳಲ್ಲಿ ಪ್ರದರ್ಶಿತವಾಗಬೇಕೆಂದು ನಾನು ಬಯಸುತ್ತೇನೆ. ಅದಕ್ಕೆ ನೀರು ಬೇಕಿಲ್ಲ.

ವಸ್ತುವನ್ನರಸಿ ದೂರ ಹೋಗಬೇಕಾಗಿಲ್ಲ. 2021ರ ಆಗಸ್ಟ್ 7ರ ಬೆಳಗಿನ ಜಾವ, ಬರ್ಡಿ ಯಾವುದು ಬೋಗಿ ಯಾವುದು ಎಂಬುದನ್ನರಿಯದ ಅಸಂಖ್ಯ ಜನರು ಟಿ.ವಿ.ಯ ಮುಂದೆ ಕುಳಿತು, ಬೆಂಗಳೂರಿನ ಅದಿತಿ ಅಶೋಕ್ ಎಂಬ ತರುಣಿಗೆ ಜಯವಾಗಲೆಂದು ಹಾರೈಸಿದ್ದುಂಟು. ವಿಶ್ವ ಶ್ರೇಯಾಂಕದಲ್ಲಿ 200ನೆಯವಳಾಗಿ ಟೋಕಿಯೊ ಒಲಿಂಪಿಕ್ಸ್‌ಗೆ ಹೋಗಿದ್ದ ಆಕೆ, ಪ್ರಥಮ ಶ್ರೇಯಾಂಕದ ನೆಲ್ಲಿ ಕೊರ್ಡಾಳನ್ನು ಕೊನೆಯವರೆಗೂ ಬೆನ್ನಟ್ಟಿ, 269 ಹೊಡೆತಗಳಲ್ಲಿ ಆಟ ಮುಗಿಸಿದಳು. ಕಡಿಮೆ ಹೊಡೆದವರೇ ಗೆಲ್ಲುವ ವಿಚಿತ್ರ ಆಟವಿದು: ಕೊರ್ಡಾಳದು 267, ಮೋನೆ ಇನಾಮಿ, ಲಿಡಿಯಾ ಕೋ ಇವರದು ತಲಾ 268. ಅದಿತಿಗೆ ದೊರೆತದ್ದು ನಾಲ್ಕನೆಯ ಸ್ಥಾನ.

ಸೋತವಳ ಚಿತ್ರವೇಕೆ ಎಂದು ಕೇಳುವವರಿದ್ದಾರೆ. ಗೆದ್ದವರ ಚಿತ್ರಗಳಲ್ಲಿ ಚೆಂಡು ಕುಳಿಗೆ ಬಿದ್ದದ್ದು, ಜನರು ಚಪ್ಪಾಳೆ ತಟ್ಟಿದ್ದು, ವಿಜೇತರು ಬಟ್ಟಲನ್ನೆತ್ತಿ ಹಿಡಿದದ್ದು, ಇಷ್ಟನ್ನೇ ಪೋಣಿಸಿ, ನಾಲ್ಕು ದಿನಗಳ ಎಪ್ಪತ್ತೆರಡು ಕುಳಿಗಳ ದೀರ್ಘ ಪ್ರಯಾಣವನ್ನು ಅವಸರದಿಂದ ಮುಗಿಸುವುದು ವಾಡಿಕೆ. ಆಟದ ಬಹುಭಾಗವಾದ ನಡಿಗೆ, ಗಾಳಿಯ ಪರೀಕ್ಷೆ, ಕ್ಯಾಡಿಯೊಡನೆ ನಡೆಯುವ ಮೆಲುಮಾತು ಇವುಗಳಿಗೆ ಅಲ್ಲಿ ಎಡೆಯಿಲ್ಲ. ಟೋಕಿಯೊದಲ್ಲಿ ಅದಿತಿಯ ಚೀಲವನ್ನು ಹೊತ್ತು ನಡೆದ ಕ್ಯಾಡಿ ಆಕೆಯ ತಾಯಿ. 2016ರ ರಿಯೊದಲ್ಲಿ ಆ ಕೆಲಸ ತಂದೆಯದಾಗಿತ್ತು. ಕೊನೆಯ ದಿನ ಸಿಡಿಲು-ಮಳೆಯ ಭೀತಿಯಿಂದ ಆಟ ನಿಂತ ಹೊತ್ತಿನಲ್ಲಿ ಆ ತಾಯಿ-ಮಗಳು ಹೇಗೆ ಕಾದರೆಂಬುದನ್ನು ಅವರ ಬಾಯಿಂದಲೇ ಕೇಳಿಸುವ ಚಿತ್ರವು ಪದಕದ ಚಿತ್ರಕ್ಕಿಂತ ಹಿರಿದೆಂದೇ ನನ್ನ ಎಣಿಕೆ.

ಗದುಗಿನ ಸುನಿಲ್ ಜೋಶಿಯವರು ಬಾಲ್ಯದಲ್ಲಿ ನಸುಕಿಗೇ ಎದ್ದು ಕ್ರಿಕೆಟ್ ಅಭ್ಯಾಸಕ್ಕೆಂದು ಹುಬ್ಬಳ್ಳಿಗೆ ಹೋಗಿ, ಶಾಲೆಯ ವೇಳೆಗೆ ಮರಳಿ, 1996ರಲ್ಲಿ ಭಾರತದ ಟೆಸ್ಟ್ ತಂಡವನ್ನು ಸೇರಿದ ಕಥೆಯನ್ನು ಬಲ್ಲ ಊರಿನ ಮಕ್ಕಳಿಗೆ ಇಂಥ ಚಿತ್ರವು ಪರಕೀಯವೆನಿಸದು. ಬೆಂಗಳೂರು ಗಾಲ್ಫ್ ಕ್ಲಬ್ ಸ್ಥಾಪನೆಯಾದದ್ದು 1876ರಲ್ಲಿ. ಇಷ್ಟು ಕಾಲ ಸಂದರೂ ಆ ಆಟದ ಮಾತು ಕನ್ನಡದಲ್ಲಿ ಕೇಳಿಬರುವುದು ವಿರಳ. ದೂರದರ್ಶನದ ಚಂದನ ವಾಹಿನಿಯು ಈ ಚಿತ್ರದ ನಿರ್ಮಾಣವನ್ನು ಕೈಗೊಳ್ಳಲಿ. ಶಾಲೆಗಳಿಗೆ ಅದನ್ನು ತಲುಪಿಸುವ ಹೊಣೆಯನ್ನು ಶಿಕ್ಷಣ ಇಲಾಖೆಯು ಹೊರಲಿ.